ಎತ್ತಲಾಗದ ಹೊಲ: ಅಬೊಮೆ ಅರಮನೆಯ ಮಣ್ಣಿನ ಉಬ್ಬುಶಿಲ್ಪಗಳ ಒಂದು ಪ್ರಕರಣ

ಪಶ್ಚಿಮ ಆಫ್ರಿಕಾದ ಅಬೊಮೆ ಊರಿನಲ್ಲಿ 1988ರಲ್ಲಿ ಅರಮನೆಯ ಒಂದು ಸಭಾಂಗಣವನ್ನು ಕೆಡವಿದರು. ಅದು ಗ್ಲೆಲೆ ಎಂಬ ರಾಜನದು. ಅದರ ಮುಂಗೋಡೆಯಲ್ಲಿ ಬಣ್ಣ ಬಳಿದ 56 ಮಣ್ಣಿನ ಉಬ್ಬುಶಿಲ್ಪಗಳಿದ್ದವು. ಗೋಡೆ ಬೀಳುವ ಮೊದಲು ಅವುಗಳಲ್ಲಿ 50ನ್ನು ಬಿಡಿಸಿ ತೆಗೆದಿಟ್ಟರು. ಅದೇ ಜಾಗದಲ್ಲಿ ಹೊಸ ಕಟ್ಟಡ ಎದ್ದಿತು. ಹೊಸ ಗೋಡೆಗೆ ಹೊಸದಾಗಿ ಮಾಡಿದ ಪ್ರತಿಗಳು ಬಂದವು. ಹಳೆಯವು ಉಗ್ರಾಣ ಸೇರಿದವು.

ಈ ಒಂದು ನಿರ್ಧಾರವನ್ನು ಹಿಡಿದುಕೊಂಡು, ಅದರ ಹಿಂದೆ ಏನಿತ್ತು, ಮುಂದೆ ಏನಾಯಿತು ಅಂತ ನೋಡುವುದು ಈ ಬರಹದ ಕೆಲಸ. ಊರಿನ ಹೆಸರು, ರಾಜರ ಹೆಸರು ಇತಿಹಾಸದಲ್ಲೇ ಇರುವುದರಿಂದ ಅವನ್ನು ಮುಚ್ಚಿಡಲು ಆಗುವುದಿಲ್ಲ. ಆದರೆ ಕೆಲಸದಲ್ಲಿ ಕೈಯಿಟ್ಟವರ, ನಿರ್ಧಾರ ತೆಗೆದುಕೊಂಡವರ ಹೆಸರುಗಳನ್ನು ಬೇಕೆಂದೇ ಬಿಟ್ಟಿದ್ದೇನೆ. ಯಾರು ತಪ್ಪು ಮಾಡಿದರು ಅನ್ನುವುದಕ್ಕಿಂತ, ಆ ಜಾಗದಲ್ಲಿ ನಾವಿದ್ದಿದ್ದರೆ ಏನು ಮಾಡುತ್ತಿದ್ದೆವು ಅನ್ನುವ ಪ್ರಶ್ನೆ ನನಗೆ ಮುಖ್ಯ.

ಹಿನ್ನೆಲೆ

ಮೊದಲು ಒಂದು ಗೊಂದಲ ಬಿಡಿಸಬೇಕು. ಅಬೊಮೆ ಇರುವುದು ಇಂದಿನ ಬೆನಿನ್ ಗಣರಾಜ್ಯದಲ್ಲಿ. ಆ ದೇಶದ ಹಳೆಯ ಹೆಸರು ದಹೋಮಿ, 1975ರಲ್ಲಿ ಬದಲಾಯಿತು. ಹಿತ್ತಾಳೆ ಫಲಕಗಳಿಗೆ ಹೆಸರಾದ ಬೆನಿನ್ ಸಾಮ್ರಾಜ್ಯ ಬೇರೆ. ಅದು ಇಂದಿನ ನೈಜೀರಿಯಾದಲ್ಲಿದೆ. ಆ ಫಲಕಗಳೂ ಅರಮನೆಯ ಉಬ್ಬುಶಿಲ್ಪಗಳೇ. 1897ರಲ್ಲಿ ಬ್ರಿಟಿಷ್ ಸೈನ್ಯ ಆ ಅರಮನೆಯನ್ನು ಲೂಟಿ ಮಾಡಿ ಅವನ್ನು ಹೊತ್ತೊಯ್ದಿತು. ಇವತ್ತು ಅವು ಲಂಡನ್, ಬರ್ಲಿನ್ ಮುಂತಾದ ಎಷ್ಟೋ ಊರುಗಳಲ್ಲಿ ಚದುರಿಹೋಗಿವೆ. ಅಬೊಮೆಯ ಕಥೆ ಇದಕ್ಕಿಂತ ಬೇರೆ ದಾರಿ ಹಿಡಿದದ್ದಕ್ಕೆ ಸರಳ ಕಾರಣವಿದೆ. ಇಲ್ಲಿನವು ಹಿತ್ತಾಳೆಯಲ್ಲ, ಮಣ್ಣು. ಗೋಡೆಯ ಜೊತೆಗೇ ಬೆಳೆದವು. ಸಿಪಾಯಿಯೊಬ್ಬ ಚೀಲಕ್ಕೆ ಹಾಕಿಕೊಂಡು ಹೋಗುವಂಥವಲ್ಲ.

ದಹೋಮಿ ಫೊನ್ ಜನರ ರಾಜ್ಯ. 1625ರಿಂದ 1900ರವರೆಗೆ ಹನ್ನೆರಡು ರಾಜರು ಆಳಿದರೆಂದು ಅಲ್ಲಿನ ಪಟ್ಟಿ ಹೇಳುತ್ತದೆ. ನಿಜವಾಗಿ ಇನ್ನೊಬ್ಬ ಇದ್ದ, ಅಡಂಡೊಜಾನ್. 1818ರಲ್ಲಿ ಅವನನ್ನು ಇಳಿಸಿ ಗೆಜೊ ಪಟ್ಟಕ್ಕೆ ಬಂದ. ಇಳಿಸಿದ್ದಷ್ಟೇ ಅಲ್ಲ, ಪಟ್ಟಿಯಿಂದಲೇ ಅವನ ಹೆಸರನ್ನು ಅಳಿಸಿಹಾಕಿದರು. ಗೋಡೆಯ ಮೇಲೆ ರಾಜರ ಕಥೆ ಬರೆಯುವ ಊರಿನಲ್ಲಿ ಯಾರನ್ನು ಬಿಟ್ಟರು ಅನ್ನುವುದನ್ನೂ ಓದಬೇಕಾಗುತ್ತದೆ.

ಅಬೊಮೆ ಅಂದರೆ ಕೋಟೆಯ ಕಂದಕದ ಒಳಗೆ ಅಂತ ಅರ್ಥ. ದಹೋಮಿ ಅಂದರೆ ಡಾನ್‌ನ ಹೊಟ್ಟೆಯೊಳಗೆ. ಅದಕ್ಕೊಂದು ಕಥೆಯಿದೆ. ವಲಸೆ ಬಂದ ರಾಜಮನೆತನದವರು ಡಾನ್ ಎಂಬ ಸ್ಥಳೀಯ ನಾಯಕನ ಹತ್ತಿರ ಜಾಗ ಕೇಳುತ್ತಲೇ ಇದ್ದರಂತೆ. ಅವನಿಗೆ ರೇಗಿತು. ‘ಇನ್ನು ನನ್ನ ಹೊಟ್ಟೆ ಮೇಲೂ ಮನೆ ಕಟ್ಟುತ್ತೀರೇನು?’ ಅಂದ. ಅವರು ಅವನನ್ನು ಕೊಂದು, ಅದೇ ಜಾಗದಲ್ಲಿ ಅರಮನೆ ಕಟ್ಟಿದರು. ಇದು ಅವರೇ ಹೇಳಿಕೊಳ್ಳುವ ಕಥೆ. ಆ ಅರಮನೆಯ ಗೋಡೆಗಳಲ್ಲಿ ಹಿಂಸೆ ಅಷ್ಟು ಬಿಚ್ಚುಮನಸ್ಸಿನಿಂದ ಕಾಣುವುದು ಯಾಕೆ ಎಂದು ಇದರಿಂದ ಸ್ವಲ್ಪ ಅರ್ಥವಾಗುತ್ತದೆ.

ಇಲ್ಲಿ ಹೊಸ ರಾಜ ಹಿಂದಿನವನ ಮನೆಯಲ್ಲಿ ವಾಸ ಮಾಡುವುದಿಲ್ಲ. ಪಕ್ಕದಲ್ಲಿ ತನ್ನದೇ ಅರಮನೆ ಕಟ್ಟಿಸುತ್ತಾನೆ. ಹೀಗಾಗಿ ಅರಮನೆ ಅನ್ನುವುದು ಒಂದು ಕಟ್ಟಡವಲ್ಲ, ಸುಮಾರು 47 ಹೆಕ್ಟೇರಿನಲ್ಲಿ ಹರಡಿದ ಅಂಗಳಗಳ ಊರು. ಪ್ರತಿ ಅರಮನೆಯಲ್ಲೂ ಆಜಲಾಲಾ ಎಂಬ ಉದ್ದನೆಯ ಸಭಾಂಗಣ. ಅದಕ್ಕೆ ಅಂಗಳದ ಕಡೆ ಸಾಲು ಬಾಗಿಲುಗಳು. ಆ ಬಾಗಿಲುಗಳ ನಡುವಿನ ಗೋಡೆಯಲ್ಲಿ ಚೌಕಾಕಾರದ ಗೂಡುಗಳು. ಒಂದೊಂದು ಗೂಡಿನಲ್ಲಿ ಒಂದೊಂದು ಉಬ್ಬುಶಿಲ್ಪ.

ಮಾಡುವ ಸಾಮಾನು ಬೆಲೆಬಾಳುವಂಥದ್ದಲ್ಲ. ಹುತ್ತದ ಮಣ್ಣು, ತಾಳೆ ಎಣ್ಣೆ, ಮೇಲೆ ಗಿಡದಿಂದ ಮತ್ತು ಖನಿಜದಿಂದ ತೆಗೆದ ಬಣ್ಣ. ಹುತ್ತದ ಮಣ್ಣೇ ಯಾಕೆ? ಗೆದ್ದಲು ಅದನ್ನು ಕಾಳು ಕಾಳಾಗಿ ಆರಿಸಿ, ಅಂಟು ಸೇರಿಸಿ ಕಟ್ಟಿರುತ್ತದೆ. ಅದು ನುಣುಪಾಗಿರುತ್ತದೆ, ಗಟ್ಟಿಯಾಗಿ ಕೂರುತ್ತದೆ. ಮಣ್ಣಿನ ಮನೆ ಕಟ್ಟಿದ ಯಾವ ಊರಿನವರಿಗೂ ಇದನ್ನು ಬಿಡಿಸಿ ಹೇಳಬೇಕಿಲ್ಲ.

ಇನ್ನು ಆ ಶಿಲ್ಪಗಳ ಅರ್ಥಕ್ಕೆ ಬರುತ್ತೇನೆ. ನನ್ನನ್ನು ಈ ವಿಷಯಕ್ಕೆ ಕಟ್ಟಿಹಾಕಿದ್ದೇ ಅದು. ನೋಡುವವರಿಗೆ ಅಲ್ಲಿ ಪ್ರಾಣಿ, ಹಣ್ಣು, ಹಡಗು, ಮಡಕೆ ಕಾಣುತ್ತವೆ. ಫೊನ್ ಮಾತು ಗೊತ್ತಿದ್ದವರಿಗೆ ಮಾತು ಕೇಳುತ್ತದೆ. ಪ್ರತಿ ರಾಜನಿಗೂ ಒಂದು ಬಲವಾದ ಹೆಸರು. ಆ ಹೆಸರು ಒಂದು ಗಾದೆಯಂಥ ಸಾಲಿನಿಂದ ಬಂದದ್ದು. ಚಿತ್ರ ಆ ಸಾಲಿನ ಗುರುತು. ಅಗೊಂಗ್ಲೊ ರಾಜನ ಗುರುತು ಅನಾನಸ್: ಸಿಡಿಲು ತಾಳೆ ಮರಕ್ಕೆ ಬಡಿಯುತ್ತದೆ, ಅನಾನಸ್ಸಿಗೆ ಬಡಿಯುವುದಿಲ್ಲ. ಹುವೆಗ್ಬಾಜಾನ ಗುರುತು ಮೀನು: ಬಲೆಯಿಂದ ತಪ್ಪಿಸಿಕೊಂಡ ಮೀನು ಮತ್ತೆ ಬಲೆಗೆ ಬರುವುದಿಲ್ಲ. ಅಗಾಜಾನದು ಯುರೋಪಿನ ಹಡಗು, ಯಾಕೆಂದರೆ ಅವನ ಕಾಲದಲ್ಲೇ ರಾಜ್ಯ ಕಡಲತೀರ ಮುಟ್ಟಿತು. ಗೆಜೊನದು ಕಾಡೆಮ್ಮೆ. ಅವನದೇ ಇನ್ನೊಂದು ಗುರುತು ತೂತು ತೂತಾದ ಮಡಕೆ. ನಾಡಿನ ಮಕ್ಕಳೆಲ್ಲ ಬಂದು ಒಂದೊಂದು ತೂತಿಗೆ ಬೆರಳಿಟ್ಟರೆ ನೀರು ನಿಲ್ಲುತ್ತದೆ ಎಂಬ ಮಾತು ಅದರ ಹಿಂದಿದೆ.

ಗ್ಲೆಲೆಯ ಗುರುತು ಸಿಂಹ. ಆದರೆ ಅವನ ಹೆಸರು ಬಂದದ್ದು ಬೇರೆ ಸಾಲಿನಿಂದ: ಉತ್ತ ಹೊಲವನ್ನು ಯಾರೂ ಎತ್ತಿಕೊಂಡು ಹೋಗಲಾರರು. ಈ ಸಾಲನ್ನು ನೆನಪಿಟ್ಟುಕೊಳ್ಳಿ.

ಇವುಗಳ ನಡುವೆ ಯುದ್ಧದ ಚಿತ್ರಗಳೂ ಇವೆ. ಹೆಣ್ಣು ಯೋಧರು, ಸೆರೆಯಾಳುಗಳು, ಸೋತ ಶತ್ರು. ದಹೋಮಿ 1727ರಲ್ಲಿ ವೀದಾ ಬಂದರನ್ನು ಗೆದ್ದುಕೊಂಡಿತು. ನೆರೆಯ ಜನರನ್ನು ಸೆರೆಹಿಡಿದು ಆ ಬಂದರಿನಿಂದ ಯುರೋಪಿನ ವ್ಯಾಪಾರಿಗಳಿಗೆ ಮಾರಿತು. ಗೋಡೆಯ ಮೇಲೆ ಗೆಲುವು ಅಂತ ಕಾಣುವ ಸೆರೆಯಾಳು ಬೇರೊಬ್ಬರ ಮನೆಯಲ್ಲಿ ವಾಪಸ್ ಬರದ ಮಗ. ಈ ಶಿಲ್ಪಗಳನ್ನು ಪ್ರೀತಿಸುವವರು ಇದನ್ನು ಮರೆತು ಪ್ರೀತಿಸಬಾರದು ಅಂತ ನನ್ನ ಅಭಿಪ್ರಾಯ. ಪಾಠ ಮಾಡುವಾಗ ಅನಾನಸ್ಸಿನ ಗಾದೆ ಹೇಳಿದ ದಿನವೇ ಸೆರೆಯಾಳಿನ ಫಲಕವನ್ನೂ ತೋರಿಸುತ್ತೇನೆ.

ತೊಂದರೆ ಶುರುವಾದದ್ದು ಎಲ್ಲಿ

ಸಾಮಾನ್ಯವಾಗಿ ಈ ಪ್ರಕರಣವನ್ನು 1988ರಿಂದ ಹೇಳಲು ಶುರು ಮಾಡುತ್ತಾರೆ. ಅಥವಾ 1892ರ ಬೆಂಕಿಯಿಂದ. ನಾನು ಸೂರಿನಿಂದ ಶುರು ಮಾಡುತ್ತೇನೆ.

1892ರ ನವೆಂಬರಿನಲ್ಲಿ ಫ್ರೆಂಚ್ ಸೈನ್ಯ ಅಬೊಮೆಯ ಬಾಗಿಲಿಗೆ ಬಂತು. ಗ್ಲೆಲೆಯ ಮಗ ಬೆಹಾಂಜಿನ್ ಆಗ ರಾಜ. ಶತ್ರುವಿನ ಕೈಗೆ ಸಿಗಬಾರದೆಂದು ಅರಮನೆಗೆ ಬೆಂಕಿ ಹಚ್ಚಿಸಿ ಊರು ಬಿಟ್ಟ. ಹುಲ್ಲಿನ ಛಾವಣಿಗಳು ಉರಿದುಹೋದವು. ಮಣ್ಣಿನ ಗೋಡೆ ಬೆಂಕಿಗೆ ಅಷ್ಟು ಬೇಗ ಸೋಲುವುದಿಲ್ಲ. ಗೆಜೊ ಮತ್ತು ಗ್ಲೆಲೆಯ ಕಟ್ಟಡಗಳು ಪೆಟ್ಟು ತಿಂದರೂ ನಿಂತವು. ಬೆಹಾಂಜಿನ್ 1894ರಲ್ಲಿ ಶರಣಾದ. ಅವನನ್ನು ಮಾರ್ಟಿನಿಕ್ ದ್ವೀಪಕ್ಕೆ ಗಡೀಪಾರು ಮಾಡಿದರು. ಅವನ ನಂತರ ಕೂರಿಸಿದ ಅಗೊಲಿ ಅಗ್ಬೊನನ್ನು 1900ರಲ್ಲಿ ಫ್ರೆಂಚರೇ ಇಳಿಸಿದರು. ಅಲ್ಲಿಗೆ ರಾಜ್ಯ ಮುಗಿಯಿತು.

ರಾಜ್ಯ ಮುಗಿದದ್ದು ಗೋಡೆಗೂ ತಟ್ಟಿತು. ಮಣ್ಣಿನ ಮನೆ ವರ್ಷ ವರ್ಷ ಕೈ ಕೇಳುತ್ತದೆ. ಮಳೆಗಾಲ ಮುಗಿದ ಮೇಲೆ ಬಿರುಕಿಗೆ ಮಣ್ಣು ಮೆತ್ತಬೇಕು. ಹುಲ್ಲು ಬದಲಾಯಿಸಬೇಕು. ಬಣ್ಣ ಮತ್ತೆ ಬಳಿಯಬೇಕು. ಅಷ್ಟು ದೊಡ್ಡ ಅರಮನೆಗೆ ಅಷ್ಟು ಕೈಗಳನ್ನು ಕರೆಸುವ ಶಕ್ತಿ ರಾಜನಿಗಿತ್ತು. ರಾಜ ಹೋದ ಮೇಲೆ ಆ ಕೈಗಳನ್ನು ಕರೆಸುವವರು ಯಾರು?

ಫ್ರೆಂಚ್ ಆಡಳಿತ ರಿಪೇರಿ ಮಾಡಿಸಲಿಲ್ಲ ಅಂತಲ್ಲ. 1911ರಲ್ಲಿ, ಮತ್ತೆ 1930ರ ದಶಕದಲ್ಲಿ ಕೆಲಸ ನಡೆಯಿತು. 1940ರ ದಶಕದಲ್ಲಿ ಗೆಜೊ ಮತ್ತು ಗ್ಲೆಲೆಯ ಅರಮನೆಗಳಲ್ಲೇ ಮ್ಯೂಸಿಯಂ ಆಯಿತು. ಆದರೆ ಈ ರಿಪೇರಿಗಳಲ್ಲಿ ಹುಲ್ಲಿನ ಛಾವಣಿಯ ಜಾಗಕ್ಕೆ ತಗಡು ಬಂತು. ಹುಲ್ಲಿನ ಛಾವಣಿ ಕಡಿದಾಗಿ ಇಳಿದು, ಗೋಡೆಯಿಂದ ಬಹಳ ಮುಂದೆ ಚಾಚಿಕೊಂಡಿತ್ತು. ಒಳಗೆ ಹೋಗುವವರು ಬಗ್ಗಿ ಹೋಗಬೇಕು, ಅಷ್ಟು ತಗ್ಗು. ಶಿಲ್ಪಗಳು ಆ ಸೂರಿನ ನೆರಳಲ್ಲಿ ಒಣಗಿ ಕೂತಿದ್ದವು. ತಗಡಿನ ಛಾವಣಿ ಅಷ್ಟು ಕಡಿದಾಗಿರಲಿಲ್ಲ, ಅಷ್ಟು ಮುಂದೆ ಚಾಚಲೂ ಇಲ್ಲ. ಕಟ್ಟಡ ಎತ್ತರವಾಗಿ, ಚೊಕ್ಕಟವಾಗಿ ಕಂಡಿತು. ಶಿಲ್ಪಗಳೂ ದೂರದಿಂದಲೇ ಚೆನ್ನಾಗಿ ಕಂಡವು. ಮಳೆಗೂ ಅಷ್ಟೇ ಚೆನ್ನಾಗಿ ಸಿಕ್ಕವು.

ದಕ್ಷಿಣ ಬೆನಿನ್‌ನಲ್ಲಿ ವರ್ಷಕ್ಕೆ ಎರಡು ಮಳೆಗಾಲ. ಇರಚಲು ನೇರ ಗೋಡೆಗೆ ಬಡಿಯುತ್ತದೆ. ಸೂರುನೀರು ಗೋಡೆಯ ಬುಡದಲ್ಲೇ ಬಿದ್ದು ಮೇಲಕ್ಕೆ ಸಿಡಿಯುತ್ತದೆ. ಬುಡದ ತೇವವನ್ನು ಮಣ್ಣು ನಿಧಾನಕ್ಕೆ ಮೇಲಕ್ಕೆ ಹೀರುತ್ತದೆ. ಬಿಸಿಲಿಗೆ ಒಣಗುತ್ತದೆ, ಮತ್ತೆ ನೆನೆಯುತ್ತದೆ. ಪ್ರತಿ ಸಲ ಒಳಗಿನ ಮಣ್ಣು ಸ್ವಲ್ಪ ಹಿಗ್ಗಿ ಸ್ವಲ್ಪ ಕುಗ್ಗುತ್ತದೆ. ಬಣ್ಣದ ಪದರ ಹಾಗೆ ಹಿಗ್ಗುವುದಿಲ್ಲ, ಸಿಪ್ಪೆಯಂತೆ ಏಳುತ್ತದೆ. ಮಣ್ಣಿನ ಗೋಡೆಗೆ ಸಿಮೆಂಟು ಮೆತ್ತಿದರೆ ಇನ್ನೂ ಕಷ್ಟ. ಹೊರಗೆ ಗಟ್ಟಿ ಕಾಣುತ್ತದೆ, ಒಳಗಿನ ತೇವಕ್ಕೆ ಹೊರಬರುವ ದಾರಿ ಇರುವುದಿಲ್ಲ. ಒಂದು ದಿನ ಸಿಮೆಂಟಿನ ಹಾಳೆ ತನ್ನ ಹಿಂದಿನ ಮಣ್ಣನ್ನೂ ಎಳೆದುಕೊಂಡು ಬೀಳುತ್ತದೆ.

ಸೂರು ಗಿಡ್ಡ ಮಾಡಿದವರಿಗೆ ಕೆಟ್ಟ ಉದ್ದೇಶ ಇತ್ತೆಂದು ನನಗೆ ಅನಿಸುವುದಿಲ್ಲ. ತಗಡು ಉರಿಯುವುದಿಲ್ಲ, ಪದೇ ಪದೇ ಬದಲಾಯಿಸಬೇಕಿಲ್ಲ. ಆಗಿನ ಲೆಕ್ಕಕ್ಕೆ ಅದು ಸರಿಯಾಗಿಯೇ ಕಂಡಿರಬೇಕು. ಅದರ ಬೆಲೆ ಕಾಣಿಸಿಕೊಳ್ಳಲು ದಶಕಗಳು ಬೇಕಾದವು, ಅಷ್ಟೆ.

1984ರ ಮಾರ್ಚ್ 15ರಂದು ಸುಂಟರಗಾಳಿ ಬೀಸಿತು. ಗೆಜೊನ ದ್ವಾರಮಂಟಪ ಸೇರಿ ಅರಮನೆಯ ಹಲವು ಭಾಗಗಳು ಹಾಳಾದವು. 1985ರಲ್ಲಿ ಯುನೆಸ್ಕೋ ಅಬೊಮೆಯನ್ನು ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿತು. ಅದೇ ವರ್ಷ ಅಪಾಯದಲ್ಲಿರುವ ತಾಣಗಳ ಪಟ್ಟಿಗೂ ಸೇರಿಸಿತು. ಗೌರವವೂ ಎಚ್ಚರಿಕೆಯೂ ಒಟ್ಟಿಗೇ ಬಂದವು.

ಎದುರಿಗಿದ್ದ ದಾರಿಗಳು

ಗ್ಲೆಲೆಯ ಆಜಲಾಲಾ ಆ ಹೊತ್ತಿಗೆ ತೀರಾ ಜೀರ್ಣವಾಗಿತ್ತು. ಅಂಥ ಗೋಡೆಯ ಮುಂದೆ ನಿಂತವರಿಗೆ ಎರಡು ಮೂರು ದಾರಿಗಳು ಕಾಣುತ್ತವೆ. ಗೋಡೆಯನ್ನು ನಿಂತಲ್ಲೇ ತುಂಡು ತುಂಡಾಗಿ ಸರಿಮಾಡುವುದು ಒಂದು. ಅದಕ್ಕೆ ಸಮಯ, ದುಡ್ಡು, ಪಳಗಿದ ಕೈ ಎಲ್ಲ ಬೇಕು. ಮಧ್ಯದಲ್ಲಿ ಒಂದು ಜೋರು ಮಳೆ ಬಂದರೆ ಎಲ್ಲ ಹೋಗಬಹುದು. ಹಳೆಯದನ್ನು ಮಣ್ಣಿಗೆ ಮಣ್ಣಾಗಲು ಬಿಟ್ಟು, ಹೊಸ ಗೋಡೆ ಕಟ್ಟಿ ಹೊಸ ಶಿಲ್ಪ ಮಾಡುವುದು ಇನ್ನೊಂದು. ಕೇಳಲು ಕಠೋರ ಅನಿಸಿದರೂ ಮಣ್ಣಿನ ಕಟ್ಟಡಗಳ ಹಳೆಯ ನಡೆ ಇದೇ ಅಲ್ವಾ? ಮೂರನೆಯದು ಶಿಲ್ಪಗಳನ್ನು ಬಿಡಿಸಿಟ್ಟುಕೊಂಡು ಕಟ್ಟಡವನ್ನು ಹೊಸದಾಗಿ ಕಟ್ಟುವುದು.

ಮೂರನೆಯದನ್ನು ಆರಿಸಿದರು. ಈ ಪ್ರಕರಣದ ಮೊದಲ ದೊಡ್ಡ ತಿರುವು ಇದು.

ಇದಕ್ಕೆ ಬೆಲೆ ಇತ್ತು. ಗೋಡೆಯಿಂದ ಬಿಡಿಸುವುದು ಅಂದರೆ ಚಿತ್ರಪಟವನ್ನು ಮೊಳೆಯಿಂದ ಇಳಿಸಿದಂತಲ್ಲ. ಶಿಲ್ಪಕ್ಕೂ ಗೋಡೆಗೂ ನಡುವೆ ಗೆರೆಯೇ ಇಲ್ಲ. ಹಿಂದಿನ ಗೋಡೆಯ ದಪ್ಪವನ್ನೂ ಸೇರಿಸಿ ಕತ್ತರಿಸಬೇಕು. ಬರುವುದು ಮಣ್ಣಿನ ಭಾರವಾದ ಗಡ್ಡೆ. ಎತ್ತುವಾಗ ಅದು ತನ್ನ ತೂಕಕ್ಕೆ ತಾನೇ ಬಿರಿಯುತ್ತದೆ. 56ರಲ್ಲಿ 50 ಉಳಿದವು ಅನ್ನುವುದು ಸಣ್ಣ ಸಾಧನೆಯಲ್ಲ.

ಆದರೆ ಬಿಡಿಸಿ ತೆಗೆದ ತಕ್ಷಣ ಕೆಲಸ ಮುಗಿಯುವುದಿಲ್ಲ. ಗೋಡೆಯಲ್ಲಿದ್ದಾಗ ನಾಲ್ಕೂ ಕಡೆಯಿಂದ ಹಿಡಿದುಕೊಂಡಿದ್ದ ಮಣ್ಣು ಈಗ ಒಂಟಿ. ಅಂಚುಗಳು ಉದುರುತ್ತವೆ. ಸರಿಯಾದ ಆಧಾರ ಇಲ್ಲದೆ ಇಟ್ಟ ಪ್ರತಿ ತಿಂಗಳೂ ನಷ್ಟದ ತಿಂಗಳು. ಉಗ್ರಾಣದಲ್ಲಿ ಕಳೆದ ಆ ವರ್ಷಗಳು ಈ ಪ್ರಕರಣದಲ್ಲಿ ನನಗೆ ಜಾಸ್ತಿ ನೋವು ಕೊಡುವ ಭಾಗ. ತೆಗೆಯುವ ದಿನ ಎಲ್ಲರ ಕಣ್ಣು ಗೋಡೆಯ ಮೇಲಿರುತ್ತದೆ. ತೆಗೆದ ಮಾರನೆಯ ದಿನ ಅವು ಎಲ್ಲಿ, ಯಾವುದರ ಮೇಲೆ, ಯಾರ ಕಾವಲಿನಲ್ಲಿ ಕೂರಬೇಕು ಅನ್ನುವುದು ತೆಗೆಯುವ ಮೊದಲೇ ತೀರ್ಮಾನ ಆಗಿರಬೇಕು.

ಒಬ್ಬ ಹಳೆಯ ದಾಖಲೆಗಾರ

ಇಲ್ಲಿ ಸ್ವಲ್ಪ ಹಿಂದಕ್ಕೆ ಹೋಗಬೇಕು. 1911ರಲ್ಲಿ ಒಬ್ಬ ಫ್ರೆಂಚ್ ಮನುಷ್ಯ ಅಬೊಮೆಯ ಗೋಡೆಗಳ ಮುಂದೆ ಕೂತು ಉಬ್ಬುಶಿಲ್ಪಗಳನ್ನು ಒಂದೊಂದಾಗಿ ದಾಖಲು ಮಾಡಿದ. ಬರೀ ಗ್ಲೆಲೆಯ ಕಟ್ಟಡದ್ದಲ್ಲ, ಆಗ ನಿಂತಿದ್ದ ಬೇರೆ ರಾಜರ ಕಟ್ಟಡಗಳದ್ದೂ. ಆ ಕೆಲಸ 1926ರಲ್ಲಿ ಪ್ಯಾರಿಸ್ಸಿನಲ್ಲಿ ಅಚ್ಚಾಯಿತು. ಮುಂದೆ ಆ ಕಟ್ಟಡಗಳಲ್ಲಿ ಕೆಲವು ಬಿದ್ದವು. ಅವುಗಳ ಶಿಲ್ಪಗಳು ಈಗ ಆ ಪುಟಗಳಲ್ಲಷ್ಟೇ ಇವೆ.

ಅವನು ಗೆದ್ದವರ ಕಡೆಯವನು. ಆ ಕಾಲದ ಹಲವರಂತೆ ಅವನೂ ವಸಾಹತಿನ ಕಣ್ಣಿನಿಂದಲೇ ನೋಡಿರಬಹುದು. ಆದರೂ ಎಂಬತ್ತು ವರ್ಷಗಳ ನಂತರ ಒಂದು ಫಲಕದಲ್ಲಿ ಏನು ಕಳೆದುಹೋಗಿದೆ, ಮೂಲದಲ್ಲಿ ಕೈ ಎಲ್ಲಿತ್ತು, ಬಾಲ ಯಾವ ಕಡೆ ತಿರುಗಿತ್ತು ಅಂತ ಕೇಳಿದರೆ ಉತ್ತರ ಕೊಡುವುದು ಅವನ ಪುಟಗಳೇ. ದಾಖಲೆ ಅಂದರೆ ಬೇಜಾರಿನ ಕೆಲಸ ಅಂತ ವಿದ್ಯಾರ್ಥಿಗಳು ಅಂದುಕೊಳ್ಳುತ್ತಾರೆ. ಅವರ ಮುಂದೆ 1911ರ ಚಿತ್ರ ಮತ್ತು ಅದೇ ಫಲಕದ ಇತ್ತೀಚಿನ ಫೋಟೋ ಪಕ್ಕಪಕ್ಕ ಇಡುತ್ತೇನೆ. ಆಮೇಲೆ ಯಾರೂ ಹಾಗೆ ಅನ್ನುವುದಿಲ್ಲ.

1993ರಿಂದ 1997

ಎರಡನೆಯ ತಿರುವು 1990ರ ದಶಕದಲ್ಲಿ ಬಂತು. ಬೆನಿನ್‌ನ ಸಂಸ್ಕೃತಿ ಇಲಾಖೆ ಮತ್ತು ಲಾಸ್ ಏಂಜಲೀಸ್‌ನ ಗೆಟ್ಟಿ ಕನ್ಸರ್ವೇಶನ್ ಇನ್‌ಸ್ಟಿಟ್ಯೂಟ್ ಸೇರಿ ಈ 50 ಫಲಕಗಳ ಕೆಲಸ ಹಿಡಿದವು. 1993ರಿಂದ 1997ರವರೆಗೆ ನಡೆಯಿತು. ಫಲಕಗಳನ್ನು ದಾಖಲಿಸಿದರು, ಗಟ್ಟಿಗೊಳಿಸಿದರು, ಮ್ಯೂಸಿಯಂನಲ್ಲಿ ನೋಡುವಂತೆ ಇಟ್ಟರು. ಆ ಕೆಲಸದಲ್ಲೇ ಸ್ಥಳೀಯರಿಗೆ ತರಬೇತಿಯೂ ಸಿಕ್ಕಿತು. 1997ರಲ್ಲಿ ಅಬೊಮೆಯಲ್ಲೇ ಸಮಾವೇಶ ಸೇರಿಸಿ ಅರಮನೆಯ ನಾಳೆಯ ಬಗ್ಗೆ ಮಾತಾಡಿದರು.

ಇದರಲ್ಲಿ ನಾನು ಬಹಳ ಮೆಚ್ಚುವುದು ತರಬೇತಿಯನ್ನು. ಹೊರಗಿನ ತಜ್ಞರು ಬಂದು, ಎಲ್ಲವನ್ನೂ ತಾವೇ ಸರಿಮಾಡಿ, ವಿಮಾನ ಹತ್ತಿ ಹೋಗಬಹುದಿತ್ತು. ಮಣ್ಣು ಅಂಥವರಿಗೆ ಒಲಿಯುವುದಿಲ್ಲ. ಮುಂದಿನ ಮಳೆಗಾಲಕ್ಕೆ ಅದನ್ನು ನೋಡಿಕೊಳ್ಳುವವರು ಆ ಊರಿನಲ್ಲೇ ಇರಬೇಕು.

ಬಣ್ಣದ ವಿಷಯ ಮಾತ್ರ ಅಷ್ಟು ಸುಲಭವಲ್ಲ. ಈ ಶಿಲ್ಪಗಳಿಗೆ ಎಷ್ಟೋ ಸಲ ಬಣ್ಣ ಬಳಿದಿದ್ದಾರೆ. ಇಪ್ಪತ್ತನೇ ಶತಮಾನದಲ್ಲಿ ಅಂಗಡಿಯ ಬಣ್ಣವೂ ಬಂತು. ಹಾಗಾದರೆ ಯಾವ ಪದರ ನಿಜವಾದದ್ದು? ಮೇಲಿನದನ್ನು ಕೆರೆದು ಕೆಳಗಿನದನ್ನು ತೋರಿಸಿದರೆ ಗ್ಲೆಲೆಯ ಕಾಲಕ್ಕೆ ಹತ್ತಿರ ಹೋದಂತೆ. ಆದರೆ ಮೇಲಿನ ಪದರವನ್ನು ಬಳಿದವರೂ ಅದೇ ಊರಿನವರು. ಮತ್ತೆ ಬಳಿಯುವುದೇ ಅಲ್ಲಿನ ಕಾಪಾಡುವ ರೀತಿ. ಮೇಲಿನ ಪದರವನ್ನು ಕೊಳೆ ಅಂದುಕೊಳ್ಳುವವರು ಆ ರೀತಿಯನ್ನೇ ಕೊಳೆ ಅಂದಂತಾಗುತ್ತದೆ. ನನ್ನ ಮಟ್ಟಿಗೆ, ಉದುರಿ ಬೀಳದ ಪದರವನ್ನು ಸುಮ್ನೆ ಮುಟ್ಟಬಾರದು. ಅದನ್ನು ಬಿಟ್ಟರೆ ನಾಳೆ ಬೇರೆಯವರಿಗೆ ನೋಡಲು ಸಿಗುತ್ತದೆ; ಕೆರೆದರೆ ಸಿಗುವುದಿಲ್ಲ.

ಅಸಲಿ ಯಾವುದು?

ಈ ಪ್ರಕರಣ ಹೇಳಿ ಮುಗಿಸಿದಾಗ ತರಗತಿಯಲ್ಲಿ ಸಾಮಾನ್ಯವಾಗಿ ಒಂದೇ ಪ್ರಶ್ನೆ ಬರುತ್ತದೆ. ‘ಹಾಗಾದ್ರೆ ಅಸಲಿ ಯಾವುದು? ಮ್ಯೂಸಿಯಂನಲ್ಲಿರೋದಾ, ಗೋಡೆ ಮೇಲಿರೋದಾ?’

ಮೊದಮೊದಲು ನಾನು ಯೋಚಿಸದೆ ಮ್ಯೂಸಿಯಂನದು ಅನ್ನುತ್ತಿದ್ದೆ. ಗ್ಲೆಲೆಯ ಕಾಲದ ಕೈ ಮುಟ್ಟಿದ ಮಣ್ಣು ಅದೇ ತಾನೆ. ಈಗ ಅಷ್ಟು ಬೇಗ ಹೇಳುವುದಿಲ್ಲ. ಮ್ಯೂಸಿಯಂನ ಸಿಂಹಕ್ಕೆ ಹಳೆಯ ಮಣ್ಣಿದೆ. ಆದರೆ ಅದರ ಎಡಬಲದ ನೆರೆಯವರು, ನಡುವಿನ ಬಾಗಿಲು, ಎದುರಿನ ಅಂಗಳ ಇಲ್ಲ. ಗೋಡೆಯ ಮೇಲಿನ ಹೊಸ ಸಿಂಹಕ್ಕೆ ಹಳೆಯ ಮಣ್ಣಿಲ್ಲ. ಆದರೆ ಅದರ ಮುಂದೆ ಅಂಗಳವಿದೆ, ಆ ಅಂಗಳದಲ್ಲಿ ಇವತ್ತಿಗೂ ರಾಜಮನೆತನದವರು ಹಿರಿಯರಿಗೆ ಪೂಜೆ ಮಾಡುತ್ತಾರೆ. ಅರಮನೆ ಅವರಿಗೆ ಹಾಳು ಸ್ಮಾರಕವಲ್ಲ, ಮನೆ. ಮನೆಯ ಗೋಡೆಯಲ್ಲಿ ಚಿತ್ರ ಇರಬೇಕು. ಅದು ನೂರು ವರ್ಷ ಹಳೆಯದಾಗಿರಬೇಕೆಂದು ಮನೆಯವರು ಕೇಳುವುದಿಲ್ಲ.

ಚಿತ್ರ ಒಂದು ಮಾತಿನ ಗುರುತು ಅಂತ ಆಗಲೇ ಹೇಳಿದೆ. ಮಾತನ್ನು ಮತ್ತೆ ಆಡಿದರೆ ಅದು ನಕಲಿ ಮಾತಾಗುವುದಿಲ್ಲ. ಅನಾನಸ್ಸಿಗೆ ಸಿಡಿಲು ಬಡಿಯುವುದಿಲ್ಲ ಅಂತ ಇವತ್ತು ಹೇಳಿದರೂ ಅದು ಅಗೊಂಗ್ಲೊನ ಮಾತೇ. ಆ ಲೆಕ್ಕದಲ್ಲಿ ಹೊಸ ಗೋಡೆಯೂ ಸುಳ್ಳು ಹೇಳುತ್ತಿಲ್ಲ. ಆದರೆ ಇದೇ ಮಾತನ್ನು ಹಿಡಿದುಕೊಂಡು ಹಳೆಯ ಫಲಕಗಳನ್ನು ಉದುರಲು ಬಿಡಬಹುದಿತ್ತೇ ಅಂದರೆ, ನನಗೆ ಒಪ್ಪಿಗೆಯಿಲ್ಲ. ಒಂದು ಕಾರಣ ಇದು. ಆಫ್ರಿಕಾದ ಕಲೆಗೆ ಇತಿಹಾಸವೇ ಇಲ್ಲ, ಅಲ್ಲಿ ಇರುವುದೆಲ್ಲ ಕಾಲವಿಲ್ಲದ ಜಾನಪದ ಅಂತ ಹೊರಗಿನವರು ಬಹಳ ಕಾಲ ಹೇಳಿಕೊಂಡು ಬಂದರು. ಹೆಸರಿರುವ ರಾಜ, ಆಳಿದ ವರ್ಷ, ಗೆದ್ದ ಯುದ್ಧ, ಕಾಲಕಾಲಕ್ಕೆ ಬದಲಾದ ಬಣ್ಣ, ಇವೆಲ್ಲ ಒಂದೇ ಮಣ್ಣಿನ ಚೌಕದಲ್ಲಿ ಸಿಕ್ಕಾಗ ಆ ಮಾತು ನಿಲ್ಲುವುದಿಲ್ಲ. ಈ ಸಾಕ್ಷಿಯನ್ನು ಹೊಸ ಪ್ರತಿ ಕೊಡಲಾರದು.

ಆಮೇಲೆ ಆದದ್ದು

2007ರಲ್ಲಿ ಅಬೊಮೆ ಅಪಾಯದ ಪಟ್ಟಿಯಿಂದ ಹೊರಬಂತು. ಎರಡು ವರ್ಷವೂ ತುಂಬಲಿಲ್ಲ. 2009ರ ಜನವರಿಯಲ್ಲಿ ಬೆಂಕಿ ಬಿದ್ದು ಅರಮನೆಯ ಹಲವು ಕಟ್ಟಡಗಳ ಹುಲ್ಲಿನ ಛಾವಣಿ ಸುಟ್ಟುಹೋಯಿತು. ಜನವರಿ ಅಲ್ಲಿ ಒಣ ತಿಂಗಳು. ಸಹಾರಾ ಕಡೆಯಿಂದ ಒಣಗಾಳಿ ಬೀಸುತ್ತದೆ, ಹುಲ್ಲು ಬತ್ತಿಯಂತೆ ಕಾದಿರುತ್ತದೆ.

ನಾನು ಸೂರಿನ ಪರವಾಗಿ ಇಷ್ಟು ವಾದ ಮಾಡಿದ್ದರಿಂದ ಈ ಘಟನೆಯನ್ನು ಮುಚ್ಚಿಡುವಂತಿಲ್ಲ. ಹುಲ್ಲು ಗೋಡೆಯನ್ನು ಮಳೆಯಿಂದ ಕಾಯುತ್ತದೆ, ಬೆಂಕಿಯನ್ನು ಕರೆಯುತ್ತದೆ. ತಗಡು ಬೆಂಕಿಯಿಂದ ಕಾಯುತ್ತದೆ, ಗಿಡ್ಡವಾದರೆ ಮಳೆಗೆ ಬಿಟ್ಟುಕೊಡುತ್ತದೆ. ಸಾಮಾನು ಯಾವುದು ಅನ್ನುವುದಕ್ಕಿಂತ ಸೂರು ಎಷ್ಟು ಉದ್ದ, ಸುತ್ತಲಿನ ಒಣಹುಲ್ಲನ್ನು ಯಾರು ಕೊಯ್ಯುತ್ತಾರೆ, ನೀರು ಎಲ್ಲಿದೆ, ರಾತ್ರಿ ಯಾರಿದ್ದಾರೆ ಅನ್ನುವ ಸಣ್ಣ ಪ್ರಶ್ನೆಗಳೇ ಮೇಲು. ಗೋಡೆಯ ರಿಪೇರಿಗೆ ಹಣ ಕೊಡುವವರು ಸಿಗುತ್ತಾರೆ. ಒಣಹುಲ್ಲು ಕೊಯ್ಯುವವರ ಕೂಲಿಗೆ ಸಿಗುವುದು ಕಷ್ಟ. ಪರಂಪರೆಯ ಕೆಲಸ ಮಾಡುವ ಯಾರಾದರೂ ಈ ಪ್ರಕರಣದಿಂದ ಒಂದೇ ಒಂದು ವಿಷಯ ತೆಗೆದುಕೊಂಡು ಹೋಗುವುದಾದರೆ, ಆ ಕೂಲಿಯ ಸಾಲನ್ನು ತಮ್ಮ ಲೆಕ್ಕಪತ್ರದ ಮೊದಲಿಗೇ ಬರೆದುಕೊಳ್ಳಲಿ ಅಂತ ಕೇಳಿಕೊಳ್ಳುತ್ತೇನೆ.

ಗ್ಲೆಲೆಯ ಹೆಸರಿನ ಸಾಲಿಗೆ ಮತ್ತೆ ಬರುತ್ತೇನೆ. ಹೊಲವನ್ನು ಯಾರೂ ಎತ್ತಿಕೊಂಡು ಹೋಗಲಾರರು. 1892ರಲ್ಲಿ ಫ್ರೆಂಚ್ ಸೈನ್ಯ ಎತ್ತಲು ಆಗುವುದನ್ನೆಲ್ಲ ಎತ್ತಿಕೊಂಡು ಹೋಯಿತು. ಸಿಂಹಾಸನಗಳು ಹೋದವು. ರಾಜರ ದೊಡ್ಡ ಮರದ ಮೂರ್ತಿಗಳು ಹೋದವು: ಗ್ಲೆಲೆ ಸಿಂಹದ ರೂಪದಲ್ಲಿ, ಬೆಹಾಂಜಿನ್ ಶಾರ್ಕ್ ಮೀನಿನ ರೂಪದಲ್ಲಿ. ಗ್ಲೆಲೆಯ ಅರಮನೆಯ ನಾಲ್ಕು ಬಾಗಿಲುಗಳೂ ಹೋದವು. ಅವು ಮರದವು, ಮೇಲೆ ಉಬ್ಬಿದ ಬಣ್ಣದ ಚಿತ್ರಗಳಿದ್ದವು. ಮಣ್ಣಿನ ಗೋಡೆ ಅಲ್ಲೇ ಉಳಿಯಿತು. ಅದನ್ನು ಎತ್ತಿದ್ದು ಸುಮಾರು ನೂರು ವರ್ಷದ ನಂತರ, ಅದೂ ಆ ನಾಡಿನವರೇ, ಉಳಿಸಿಕೊಳ್ಳಲು.

ಆ ಮೂರ್ತಿಗಳು ಮತ್ತು ಬಾಗಿಲುಗಳು ಪ್ಯಾರಿಸ್ಸಿನ ಮ್ಯೂಸಿಯಂಗಳಲ್ಲಿದ್ದವು. 2021ರ ನವೆಂಬರಿನಲ್ಲಿ ಫ್ರಾನ್ಸ್ ಅವು ಸೇರಿ 26 ವಸ್ತುಗಳನ್ನು ಬೆನಿನ್‌ಗೆ ವಾಪಸ್ ಕೊಟ್ಟಿತು. 2022ರಲ್ಲಿ ಕೊಟೊನೂ ನಗರದಲ್ಲಿ ಅವನ್ನು ಜನರ ನೋಟಕ್ಕೆ ಇಟ್ಟರು. ಅಬೊಮೆಯಲ್ಲೇ ಅವಕ್ಕಾಗಿ ಹೊಸ ಮ್ಯೂಸಿಯಂ ಕಟ್ಟುವ ಕೆಲಸವನ್ನು ಬೆನಿನ್ ಕೈಗೆತ್ತಿಕೊಂಡಿದೆ. ಅದು ಆದ ದಿನ, 1892ರಿಂದ ಬೇರೆಯಾಗಿದ್ದ ಗ್ಲೆಲೆಯ ಅರಮನೆಯ ಬಾಗಿಲು ಮತ್ತು ಗ್ಲೆಲೆಯ ಗೋಡೆಯ ಮಣ್ಣು ಮತ್ತೆ ಒಂದೇ ಊರಿನಲ್ಲಿ ಇರುತ್ತವೆ.